ಪುಸ್ತಕದಲ್ಲಿ ಹುಟ್ಟಿದ ಕಳ್ಳರು

‘ಜೈ ಭೀಮ್’ ಸಿನಿಮಾ ನೋಡಿದವರಿಗೆ ಅದರ ಮೊದಲ ದೃಶ್ಯ ನೆನಪಿರುತ್ತೆ. ಬಿಡುಗಡೆಯಾದ ಕೈದಿಗಳು ಜೈಲಿನ ಬಾಗಿಲಿಂದ ಒಬ್ಬೊಬ್ಬರಾಗಿ ಹೊರಗೆ ಬರ್ತಾರೆ. ಅವರನ್ನು ಕೇಳೋದು ಒಂದೇ ಪ್ರಶ್ನೆ: ನಿನ್ನ ಜಾತಿ ಯಾವುದು? ಕೆಲವು ಜಾತಿಯ ಹೆಸರು ಹೇಳಿದವರು ಮನೆಗೆ ಹೋಗಬಹುದು. ಇನ್ನು ಕೆಲವು ಜಾತಿಯವರನ್ನು ಪಕ್ಕಕ್ಕೆ ನಿಲ್ಲಿಸ್ತಾರೆ. ಆಮೇಲೆ ಬೇರೆ ಬೇರೆ ಠಾಣೆಯ ಪೊಲೀಸರು ಅವರನ್ನು ತಮ್ಮತಮ್ಮಲ್ಲಿ ಹಂಚಿಕೊಂಡು ಕರ್ಕೊಂಡು ಹೋಗ್ತಾರೆ, ಕಳ್ಳ ಸಿಗದೆ ಬಾಕಿ ಉಳಿದ ಕೇಸುಗಳನ್ನು ಅವರ ತಲೆಗೆ ಕಟ್ಟೋಕೆ.

2021ರಲ್ಲಿ ಬಂದ ಆ ಸಿನಿಮಾಕ್ಕೆ ಆಧಾರ 1993ರಲ್ಲಿ ಇದೇ ತಮಿಳುನಾಡಿನ ಕಡಲೂರು ಜಿಲ್ಲೆಯಲ್ಲಿ ನಡೆದ ಒಂದು ಲಾಕಪ್ ಸಾವು. ಆ ಕೇಸನ್ನು ಮದ್ರಾಸ್ ಹೈಕೋರ್ಟಿನಲ್ಲಿ ನಡೆಸಿದ ವಕೀಲ ಕೆ. ಚಂದ್ರು, ಮುಂದೆ ಅದೇ ಹೈಕೋರ್ಟಿನ ನ್ಯಾಯಮೂರ್ತಿಯಾದರು. ಸಿನಿಮಾದಲ್ಲಿ ಸತ್ತವನು ಇರುಳ ಸಮುದಾಯದವನು. ನಿಜವಾದ ಪ್ರಕರಣದಲ್ಲಿ ಸತ್ತವನು ಕುರವರ್ ಸಮುದಾಯದವನು. ತಮಿಳಿನ ಕುರವರ್, ತೆಲುಗಿನ ಎರುಕಲ, ನಮ್ಮ ಕೊರಮ, ಕೊರವ, ಕೊರಚ, ಮಹಾರಾಷ್ಟ್ರದ ಕೈಕಾಡಿ, ಇವರೆಲ್ಲ ಒಂದೇ ಬಳಗದ ಕೊಂಬೆಗಳು. ಕೈಕಾಡಿಗಳ ಮನೆಮಾತಿಗೆ ತಮಿಳಿನ ನಂಟು ಇವತ್ತಿಗೂ ಇದೆ. ಎಷ್ಟು ದೂರ ನಡೆದ ಜನ ಅಂತ ಇದರಿಂದಲೇ ಗೊತ್ತಾಗುತ್ತೆ.

ಇವತ್ತಿನ ಮಾತು ಈ ಪ್ರಶ್ನೆಯ ಸುತ್ತ: ಒಂದು ಇಡೀ ಸಮುದಾಯ ‘ಕಳ್ಳರ ಜಾತಿ’ ಆಗಿದ್ದು ಹೇಗೆ? ನಾನು ಓದಿದ ಮಟ್ಟಿಗೆ ಉತ್ತರ ಇದು. ಅವರು ಮೊದಲು ಕಳ್ಳರಾಗಿದ್ದು ಪುಸ್ತಕದಲ್ಲಿ. ಆಮೇಲೆ ಕಾನೂನಿನಲ್ಲಿ. ಕಾನೂನು ರದ್ದಾದ ಮೇಲೂ ರಿಜಿಸ್ಟರುಗಳಲ್ಲಿ ಉಳಿದುಕೊಂಡರು. ಆ ಪುಸ್ತಕಗಳು ಅಚ್ಚಾಗಿದ್ದು, ಆ ಜನರನ್ನು ಅಳೆದವರು ಕೂತಿದ್ದು ನಾವೀಗ ಇರುವ ಇದೇ ಊರಲ್ಲಿ.

ಕನ್ನಡದಲ್ಲಿ ಅಪರಾಧದ ಪುಸ್ತಕ ಅಂದರೆ ನಮ್ಮ ತಲೆಮಾರಿಗೆ ಥಟ್ಟನೆ ನೆನಪಾಗೋದು ರವಿ ಬೆಳಗೆರೆಯವರ ‘ಪಾಪಿಗಳ ಲೋಕದಲ್ಲಿ’, ಅಗ್ನಿ ಶ್ರೀಧರ್ ಅವರ ‘ದಾದಾಗಿರಿಯ ದಿನಗಳು’. ಆ ಪುಸ್ತಕಗಳ ಬಗ್ಗೆ ನಿಮ್ಮ ಅಭಿಪ್ರಾಯ ಏನೇ ಇರಲಿ, ಒಂದು ವಿಷಯ ಗಮನಿಸಿ. ಅಲ್ಲಿ ಅಪರಾಧ ಮಾಡಿದವನಿಗೆ ಹೆಸರಿದೆ. ಅವನಿಗೊಂದು ಏರಿಯಾ ಇದೆ, ಶತ್ರು ಇದ್ದಾನೆ, ದುಡ್ಡಿನ ಲೆಕ್ಕ ಇದೆ. ಅವನು ಮಾಡಿದ್ದಕ್ಕೆ ಅವನೇ ಹೊಣೆ. ಅವನ ಜಾತಿಯವರೆಲ್ಲ ರೌಡಿಗಳು ಅಂತ ಆ ಪುಸ್ತಕಗಳು ಹೇಳಲ್ಲ.

ಈಗ 1892ಕ್ಕೆ ಹೋಗೋಣ. ಆ ವರ್ಷ ಮದ್ರಾಸ್ ಪೊಲೀಸ್ ಇಲಾಖೆಯ ಅಧಿಕಾರಿ ಫ್ರೆಡರಿಕ್ ಮುಲ್ಲಲಿ ಮದ್ರಾಸ್ ಪ್ರಾಂತ್ಯದ ‘ಅಪರಾಧಿ ವರ್ಗ’ಗಳ ಬಗ್ಗೆ ಒಂದು ಪುಸ್ತಕ ಪ್ರಕಟಿಸಿದ. ಅದರಲ್ಲಿ ಅಧ್ಯಾಯಗಳಿರುವುದು ಮನುಷ್ಯರ ಹೆಸರಲ್ಲಿ ಅಲ್ಲ, ಜಾತಿಗಳ ಹೆಸರಲ್ಲಿ. ಈ ಜನ ಹೇಗಿರ್ತಾರೆ, ಯಾವ ದೇವರಿಗೆ ನಡ್ಕೋತಾರೆ, ಮದುವೆ ಹೇಗೆ, ಕನ್ನ ಹೇಗೆ ಹಾಕ್ತಾರೆ, ಎಲ್ಲ ಒಂದೇ ಉಸಿರಿನಲ್ಲಿ. ಮದುವೆಯ ಶಾಸ್ತ್ರವೂ ಕನ್ನ ಹಾಕುವ ಸಲಕರಣೆಯೂ ಅಕ್ಕಪಕ್ಕ. ಓದಿದವನಿಗೆ ಕಳ್ಳತನ ಅವರ ಸಂಪ್ರದಾಯದ ಒಂದು ಭಾಗ ಅನ್ನಿಸಲೇಬೇಕು, ಪುಸ್ತಕ ಕಟ್ಟಿರುವುದೇ ಹಾಗೆ. ಇದಾದ ಮೇಲೆ ಪೊಲೀಸ್ ಅಧಿಕಾರಿ ಎಂ. ಪಾಪಾರಾವ್ ನಾಯ್ಡು ರೈಲು ಕಳ್ಳರ ಇತಿಹಾಸ ಬರೆದರು, 1905ರಲ್ಲಿ ಕೊರವ, ಎರುಕಲ, ಕೈಕಾಡಿಗಳ ಬಗ್ಗೆಯೇ ಒಂದು ಪುಸ್ತಕ ತಂದರು. ಇವೆಲ್ಲ ಪೊಲೀಸರು ಪೊಲೀಸರಿಗಾಗಿ ಬರೆದ ಕೈಪಿಡಿಗಳು.

ಹಾಗಾದ್ರೆ ಕೊರವರು ಅಷ್ಟೊತ್ತಿಗೆ ಏನು ಮಾಡ್ತಿದ್ದರು? ಇದಕ್ಕೆ ನಾನು ಕಂಡ ಒಳ್ಳೆಯ ಉತ್ತರ ಇತಿಹಾಸಕಾರ್ತಿ ಮೀನಾ ರಾಧಾಕೃಷ್ಣ ಅವರ 2001ರ ಇಂಗ್ಲಿಷ್ ಪುಸ್ತಕ ‘ಡಿಸ್‌ಆನರ್ಡ್ ಬೈ ಹಿಸ್ಟರಿ’ಯಲ್ಲಿದೆ. ಕೊರವರಲ್ಲಿ ದೊಡ್ಡ ಗುಂಪು ಉಪ್ಪಿನ ವ್ಯಾಪಾರಿಗಳು. ಕರಾವಳಿಯಲ್ಲಿ ಉಪ್ಪು ಕೊಂಡು, ಎತ್ತು ಕತ್ತೆಗಳ ಮೇಲೆ ಹೇರಿ, ಗಾಡಿ ಹೋಗದ ಒಳನಾಡಿನ ಹಳ್ಳಿಗಳಿಗೆ ಒಯ್ಯುತ್ತಿದ್ದರು. ಅಲ್ಲಿ ಉಪ್ಪು ಕೊಟ್ಟು ಧಾನ್ಯ ಪಡೆದು, ಅದನ್ನು ಮತ್ತೆಲ್ಲೋ ಮಾರುತ್ತಿದ್ದರು. ದಾರಿಯಲ್ಲಿ ಬಿದಿರು ಕಡಿದು ಬುಟ್ಟಿ ಹೆಣೆಯೋದು, ದನ ಮೇಯಿಸೋದು. ಅಂಗಡಿ ಇಲ್ಲದ ಊರಿಗೆ ಅವರೇ ಅಂಗಡಿ. ನಮ್ಮ ಕಡೆಯ ಲಂಬಾಣಿಗರದ್ದೂ ಇದೇ ಬಗೆಯ ಬದುಕು. 1791–92ರಲ್ಲಿ ಕಾರ್ನ್‌ವಾಲಿಸ್ ಶ್ರೀರಂಗಪಟ್ಟಣದ ಮೇಲೆ ದಂಡೆತ್ತಿ ಬಂದಾಗ ಅವನ ಸೈನ್ಯಕ್ಕೆ ದವಸ ಹೊತ್ತು ತಂದವರು ಇವರೇ. ಆಗ ಬ್ರಿಟಿಷರಿಗೆ ಇವರ ತಿರುಗಾಟ ಬೇಕಿತ್ತು.

ಆಮೇಲೆ ಬೇಡವಾಯಿತು. ಉಪ್ಪಿನ ಮೇಲೆ ಸರ್ಕಾರದ ಹಿಡಿತ ಬಿತ್ತು, ತೆರಿಗೆ ಏರಿತು. 1856ರ ಜುಲೈ 1ರಂದು ದಕ್ಷಿಣ ಭಾರತದ ಮೊದಲ ರೈಲು ರಾಯಪುರಂನಿಂದ ವಾಲಾಜಾ ರೋಡಿಗೆ ಓಡಿತು. ಗೆಳೆಯರೇ, ಅದು ಬೇರೆ ಯಾವುದೋ ಹಳಿ ಅಲ್ಲ. ನಾವು ದಿನಾ ಬೆಳಿಗ್ಗೆ ಅಂಬತ್ತೂರಿನಲ್ಲಿ ಲೋಕಲ್ ಹತ್ತಲು ಕಾಯುತ್ತೀವಲ್ಲ, ಅದೇ ಮಾರ್ಗ. ಎತ್ತಿನ ಸಾಲು ವಾರಗಟ್ಟಲೆ ನಡೆದು ಮುಟ್ಟಿಸುತ್ತಿದ್ದ ಉಪ್ಪನ್ನು ರೈಲು ಒಂದು ದಿನದಲ್ಲಿ ಮುಟ್ಟಿಸತೊಡಗಿತು. ಹಳಿ ಮುಂದಕ್ಕೆ ಹೋದಷ್ಟೂ ಕೊರವರ ದಾರಿ ಹಿಂದಕ್ಕೆ ಸರಿಯಿತು. 1876–78ರ ಭೀಕರ ಬರ ಬಂತು. ನಮ್ಮ ಹಿರಿಯರು ಧಾತು ವರ್ಷದ ಬರ ಅಂತ ನೆನಪಿಟ್ಟುಕೊಂಡಿದ್ದು ಇದನ್ನೇ. ಜನರ ಜೊತೆ ಹೇರಿನ ಎತ್ತುಗಳೂ ಸತ್ತವು. 1882ರ ಮದ್ರಾಸ್ ಅರಣ್ಯ ಕಾನೂನು ಬಿದಿರಿಗೂ ಹುಲ್ಲುಗಾವಲಿಗೂ ಬೇಲಿ ಹಾಕಿತು. ಸುಮಾರು ಒಂದು ತಲೆಮಾರಿನ ಅವಧಿಯಲ್ಲಿ ಉಪ್ಪು, ಎತ್ತು, ಬಿದಿರು ಮೂರೂ ಹೋದವು. ಉಳಿದಿದ್ದು ಕಾಲ್ನಡಿಗೆ ಮಾತ್ರ.

ಸರಕು ಹೊತ್ತು ನಡೆಯುವವನು ವ್ಯಾಪಾರಿ. ಬರಿಗೈಯಲ್ಲಿ ನಡೆಯುವವನು ಶಂಕಿತ. ಮುಲ್ಲಲಿಯ ಪುಸ್ತಕ ಬಂದಿದ್ದು ಸರಿಯಾಗಿ ಈ ಹೊತ್ತಿಗೆ. ಕೊರವರಲ್ಲಿ ಯಾರೂ ಕದಿಯಲಿಲ್ಲ ಅಂತ ನಾನು ಹೇಳ್ತಿಲ್ಲ. ಹೊಟ್ಟೆಗಿಲ್ಲದೆ ಕದ್ದವರಿದ್ದರು, ಅದನ್ನೇ ಕಸುಬು ಮಾಡಿಕೊಂಡವರೂ ಇದ್ದರು. ಆದರೆ ಹಾಗೆ ಕದ್ದವರು ಎಲ್ಲ ಜಾತಿಯಲ್ಲೂ ಇದ್ದರಲ್ಲ? ಬೇರೆಯವರಲ್ಲಿ ಒಬ್ಬ ಕದ್ದರೆ ಅವನೊಬ್ಬ ಕಳ್ಳ. ಇವರಲ್ಲಿ ಒಬ್ಬ ಕದ್ದರೆ ಪುಸ್ತಕದ ಒಂದು ಅಧ್ಯಾಯಕ್ಕೆ ಸಾಕ್ಷಿ.

ಇಲ್ಲಿ ಜನಾಂಗದ ವಿಷಯ ಬರುತ್ತೆ. ಆ ಕಾಲದ ಯುರೋಪಿನಲ್ಲಿ ಅಪರಾಧ ರಕ್ತದಲ್ಲೇ ಇರುತ್ತೆ ಅನ್ನೋ ವಿಚಾರ ಜೋರಾಗಿತ್ತು. ಇಟಲಿಯ ಚೆಸಾರೆ ಲೊಂಬ್ರೊಸೊ 1876ರಲ್ಲಿ ‘ಹುಟ್ಟಾ ಅಪರಾಧಿ’ಯನ್ನು ತಲೆಬುರುಡೆ, ದವಡೆ ನೋಡಿ ಗುರುತಿಸಬಹುದು ಅಂತ ಪುಸ್ತಕ ಬರೆದ. ಭಾರತದಲ್ಲಿ 1901ರ ಜನಗಣತಿಯ ಮುಖ್ಯಸ್ಥ ಹರ್ಬರ್ಟ್ ರಿಸ್ಲಿ, ಮೂಗಿನ ಅಗಲಕ್ಕೂ ಜಾತಿಯ ಮೇಲುಕೀಳಿಗೂ ಸಂಬಂಧ ಇದೆ ಅಂತ ವಾದಿಸಿದ. ಮದ್ರಾಸಿನಲ್ಲಿ ಅಳತೆಯ ಕೆಲಸ ಹೊತ್ತವನು ಎಡ್ಗರ್ ಥರ್ಸ್ಟನ್. ಓದಿದ್ದು ವೈದ್ಯಕೀಯ. 1885ರಿಂದ 1908ರವರೆಗೆ ಎಗ್ಮೋರಿನ ಸರ್ಕಾರಿ ಮ್ಯೂಸಿಯಮ್ಮಿನ ಮುಖ್ಯಸ್ಥ. ಮಕ್ಕಳನ್ನು ಭಾನುವಾರ ಕರೆದುಕೊಂಡು ಹೋಗಿ ಕಂಚಿನ ನಟರಾಜನನ್ನು ತೋರಿಸ್ತೀವಲ್ಲ, ಅದೇ ಮ್ಯೂಸಿಯಂ. ಅವನ ಕಾಲದಲ್ಲಿ ಅಲ್ಲಿ ಮನುಷ್ಯರ ಮೂಗು, ತಲೆ, ತೋಳು ಅಳೆಯಲಾಗುತ್ತಿತ್ತು. ಪೊಲೀಸ್ ಅಧಿಕಾರಿಗಳಿಗೂ ಆತ ಅಳತೆಯ ಪಾಠ ಹೇಳಿದ.

1909ರಲ್ಲಿ ಥರ್ಸ್ಟನ್, ತನ್ನ ಸಹಾಯಕ ಕೆ. ರಂಗಾಚಾರಿ ಜೊತೆ, ದಕ್ಷಿಣ ಭಾರತದ ಜಾತಿ ಬುಡಕಟ್ಟುಗಳ ಏಳು ಸಂಪುಟಗಳನ್ನು ಹೊರತಂದ. ಅವು ಇವತ್ತಿಗೂ ಉಪಯೋಗಕ್ಕೆ ಬರುತ್ತವೆ ಅನ್ನೋದನ್ನು ಒಪ್ಪಬೇಕು. ಮದುರೈ, ತಿರುನೆಲ್ವೇಲಿ ಕಡೆ ನೆಲೆಸಿದ ಕನ್ನಡ ಮಾತಿನ ಕಪ್ಪಿಲಿಯರ ಬಗ್ಗೆ, ಅನುಪ್ಪರ ಬಗ್ಗೆ ಅದರಲ್ಲಿ ಬರಹಗಳಿವೆ. ‘ನಮ್ಮವರು ಇಲ್ಲಿಗೆ ಯಾವಾಗ ಬಂದರು’ ಅಂತ ಹುಡುಕುವ ಕನ್ನಡಿಗ ಅದನ್ನು ತೆರೆದೇ ತೆರೀತಾನೆ. ಆದರೆ ಕೊರವರ ಅಧ್ಯಾಯ ತೆರೆದರೆ ಪುಟಗಟ್ಟಲೆ ಪೊಲೀಸ್ ಅಧಿಕಾರಿಗಳ ಟಿಪ್ಪಣಿಗಳಿಂದ ತೆಗೆದ ಮಾತು. ಅಳತೆಗೆ ಬಂದ ಈ ದೊರೆಯನ್ನು ಕಂಡು ಜನ ಏನಂದುಕೊಂಡರು ಅನ್ನೋದನ್ನೂ ಥರ್ಸ್ಟನ್ ತಮಾಷೆಯಾಗಿ ಬರೆದಿದ್ದಾನೆ: ವಯನಾಡಿನ ಪಣಿಯ ಹೆಂಗಸರು, ತಮ್ಮನ್ನು ಹಿಡಿದು ಒಣಹುಲ್ಲು ತುಂಬಿ ಮದ್ರಾಸಿನ ಮ್ಯೂಸಿಯಮ್ಮಿನಲ್ಲಿ ಇಡ್ತಾನೆ ಅಂತ ಹೆದರಿ ಓಡಿಹೋದರಂತೆ. ಅವನಿಗೆ ಅದು ನಗುವ ಸಂಗತಿ. ನನಗೆ ಆ ಹೆಂಗಸರ ಲೆಕ್ಕಾಚಾರ ತೀರಾ ತಪ್ಪು ಅನ್ನಿಸಲ್ಲ.

ಇನ್ನು ಕಾನೂನು. ಅಪರಾಧಿ ಬುಡಕಟ್ಟುಗಳ ಕಾಯ್ದೆ 1871ರಲ್ಲಿ ಮೊದಲು ಉತ್ತರ ಭಾರತಕ್ಕೆ ಬಂತು. ಅದರ ಹಿಂದಿದ್ದ ವಾದ ಸರಳ: ನೇಕಾರನ ಮಗ ನೇಕಾರ, ಬಡಗಿಯ ಮಗ ಬಡಗಿ, ಹಾಗೇ ಕಳ್ಳನ ಮಗ ಕಳ್ಳ. 1911ರ ಹೊಸ ಕಾಯ್ದೆ ಅದನ್ನು ಮದ್ರಾಸ್ ಸೇರಿ ಎಲ್ಲ ಕಡೆಗೂ ಹರಡಿತು. ಥರ್ಸ್ಟನ್ ಸಂಪುಟ ಬಂದು ಎರಡೇ ವರ್ಷ. ಕಾಯ್ದೆಯ ಕೆಲಸ ಹೀಗೆ: ಸರ್ಕಾರ ಒಂದು ಸಮುದಾಯವನ್ನು ಪಟ್ಟಿಗೆ ಸೇರಿಸುತ್ತೆ. ಅದನ್ನು ಕೋರ್ಟಿನಲ್ಲಿ ಪ್ರಶ್ನಿಸುವ ಹಾಗಿಲ್ಲ. ಆ ಸಮುದಾಯದವರ ಹೆಸರು ರಿಜಿಸ್ಟರಿಗೆ ಸೇರುತ್ತೆ, ಬೆರಳಚ್ಚು ತೆಗೆಯಲಾಗುತ್ತೆ. ಹೊತ್ತು ಹೊತ್ತಿಗೆ ಹಾಜರಿ ಹಾಕಬೇಕು. ಊರು ಬಿಡಬೇಕಾದರೆ ತಿಳಿಸಬೇಕು. ಬೇಕೆಂದರೆ ಸರ್ಕಾರ ಅವರನ್ನು ಒಂದು ‘ಸೆಟ್ಲ್‌ಮೆಂಟ್’ನಲ್ಲಿ ಇಡಬಹುದು, ಮಕ್ಕಳನ್ನು ತಂದೆತಾಯಿಯಿಂದ ಬೇರೆ ಮಾಡಿ ಬೇರೆ ಶಾಲೆಗೆ ಹಾಕಬಹುದು. ಹಾಜರಿ ತಪ್ಪಿದರೆ ಅದೇ ಅಪರಾಧ. ಮತ್ತೆ ತಪ್ಪಿದರೆ ಶಿಕ್ಷೆ ಹೆಚ್ಚು.

ನಮ್ಮ ಕೆಲಸದ ಭಾಷೆಯಲ್ಲಿ ಹೇಳ್ತೀನಿ. ಇದೊಂದು ಲೂಪ್. ಪೊಲೀಸ್ ಠಾಣೆಯ ಟಿಪ್ಪಣಿ ಮುಲ್ಲಲಿಯ ಪುಸ್ತಕವಾಯಿತು. ಅಂಥ ಟಿಪ್ಪಣಿಗಳು ಥರ್ಸ್ಟನ್ನನ ಸಂಪುಟದೊಳಗೆ ಬಂದು ವಿಜ್ಞಾನದ ಮುದ್ರೆ ಪಡೆದವು. ಆ ತಿಳಿವಳಿಕೆಯ ಬಲದ ಮೇಲೆ ಸಮುದಾಯಗಳು ಪಟ್ಟಿಗೆ ಸೇರಿದವು. ಪಟ್ಟಿಗೆ ಸೇರಿದವರು ಅಕ್ಕನ ಮದುವೆಗೆ ಪಕ್ಕದೂರಿಗೆ ಹೋದರೂ ಶಿಕ್ಷೆ. ಶಿಕ್ಷೆಯಾದವರ ಲೆಕ್ಕ ಏರಿತು. ಏರಿದ ಲೆಕ್ಕ ತೋರಿಸಿ, ‘ನೋಡಿ, ಪುಸ್ತಕದಲ್ಲಿ ಹೇಳಿದ್ದು ನಿಜ’ ಅಂದರು. ಔಟ್‌ಪುಟ್ ತೆಗೆದು ಇನ್‌ಪುಟ್‌ಗೆ ಕೊಟ್ಟರೆ ಮಾಡೆಲ್ ಪ್ರತಿ ಸಲವೂ ಸರಿಯಾಗಿಯೇ ಕಾಣುತ್ತೆ. ಹೊರಗಿನಿಂದ ಒಂದೇ ಒಂದು ಸಾಕ್ಷಿ ಒಳಗೆ ಬಂದಿಲ್ಲ ಅನ್ನೋದು ಯಾರಿಗೂ ಕಾಣಲ್ಲ.

ಇದು ನಮ್ಮ ದೇಶದ ಕಾಯಿಲೆ ಮಾತ್ರ ಅಲ್ಲ. ಅಮೆರಿಕದಲ್ಲಿ 1896ರಲ್ಲಿ ಫ್ರೆಡರಿಕ್ ಹಾಫ್‌ಮನ್ ಅನ್ನೋ ಸಂಖ್ಯಾಶಾಸ್ತ್ರಜ್ಞ, 1890ರ ಜನಗಣತಿಯ ಜೈಲು ಅಂಕಿಗಳನ್ನು ಹಿಡಿದು, ಕಪ್ಪು ಜನರಿಗೆ ಅಪರಾಧ ಹುಟ್ಟುಗುಣ ಅಂತ ಪುಸ್ತಕ ಬರೆದ. ಅವರನ್ನು ಜೈಲಿಗೆ ಹಾಕುತ್ತಿದ್ದ ಪೊಲೀಸರು, ಕೋರ್ಟುಗಳು ಹೇಗಿದ್ದವು ಅನ್ನೋದು ಅವನ ಲೆಕ್ಕಕ್ಕೆ ಬರಲಿಲ್ಲ. ಖಲೀಲ್ ಜಿಬ್ರಾನ್ ಮುಹಮ್ಮದ್ ಅವರು 2010ರಲ್ಲಿ ಬರೆದ ‘ದ ಕಂಡೆಮ್‌ನೇಷನ್ ಆಫ್ ಬ್ಲ್ಯಾಕ್‌ನೆಸ್’ ಈ ಕಥೆಯನ್ನು ಬಿಡಿಸಿ ಹೇಳುತ್ತೆ. 2016ರಲ್ಲಿ ಪ್ರೊಪಬ್ಲಿಕಾ ಪತ್ರಕರ್ತರು ‘ಕಾಂಪಾಸ್’ ಅನ್ನೋ ಸಾಫ್ಟ್‌ವೇರನ್ನು ಪರೀಕ್ಷಿಸಿ ಬರೆದ ವರದಿ ನಿಮ್ಮಲ್ಲಿ ಹಲವರು ಓದಿರ್ತೀರಿ. ಆರೋಪಿ ಮುಂದೆ ಮತ್ತೆ ಅಪರಾಧ ಮಾಡ್ತಾನಾ ಅಂತ ಅಂಕ ಕೊಡುವ ಸಾಫ್ಟ್‌ವೇರ್ ಅದು. ಮತ್ತೆ ತಪ್ಪು ಮಾಡದ ಕಪ್ಪು ಜನರಿಗೆ, ಅಂಥದೇ ಬಿಳಿ ಜನರಿಗಿಂತ ಸುಮಾರು ಎರಡರಷ್ಟು ಸಲ ‘ಅಪಾಯಕಾರಿ’ ಅನ್ನೋ ಹಣೆಪಟ್ಟಿ ಸಿಕ್ಕಿತ್ತು ಅಂತ ಅವರ ವರದಿ ಹೇಳಿತು.

ಸೆಟ್ಲ್‌ಮೆಂಟ್ ಕಡೆ ಬರೋಣ. ಆಗಿನ ಮದ್ರಾಸ್ ಪ್ರಾಂತ್ಯದ ಬಾಪಟ್ಲಾ ಹತ್ತಿರ 1913ರಲ್ಲಿ ಎರುಕಲರಿಗಾಗಿ ಒಂದು ಸೆಟ್ಲ್‌ಮೆಂಟ್ ಶುರುವಾಯಿತು. ಮದ್ರಾಸ್ ಸರ್ಕಾರದ ಹೆರಾಲ್ಡ್ ಸ್ಟುವರ್ಟ್ ಹೆಸರಲ್ಲಿ ಅದು ಸ್ಟೂವರ್ಟ್‌ಪುರಂ. ನಡೆಸಿದವರು ಸಾಲ್ವೇಷನ್ ಆರ್ಮಿ. ಅವರ ನಾಯಕ ಬೂತ್ ಟಕರ್ ಇದಕ್ಕೆ ‘ಕ್ರಿಮಿನೊಕ್ಯೂರಾಲಜಿ’ ಅಂತ ಹೆಸರು ಕೊಟ್ಟು ಪುಸ್ತಕವನ್ನೇ ಬರೆದ. ಅಪರಾಧ ಒಂದು ರೋಗ, ಕೆಲಸ ಮತ್ತು ಪ್ರಾರ್ಥನೆ ಔಷಧಿ ಅನ್ನೋ ಅರ್ಥದಲ್ಲಿ. ಆದರೆ ಊರು ಬಿಟ್ಟು ಹೋಗುವ ಹಾಗಿಲ್ಲದ ಜನ ಅಂದರೆ ಕೂಲಿ ಚೌಕಾಸಿ ಮಾಡಲಾಗದ ಜನ. ಹತ್ತಿರದ ಚೀರಾಲದ ತಂಬಾಕು ಕಾರ್ಖಾನೆಗೆ ಇಲ್ಲಿಂದ ಕೆಲಸಗಾರರು ಸಿಕ್ಕಿದ್ದನ್ನು ಮೀನಾ ರಾಧಾಕೃಷ್ಣ ವಿವರಿಸ್ತಾರೆ. ಇಷ್ಟೆಲ್ಲ ಆದಮೇಲೆ ತೆಲುಗು ಸಿನಿಮಾಗಳಲ್ಲಿ ಸ್ಟೂವರ್ಟ್‌ಪುರಂ ಅಂದರೆ ಇವತ್ತಿಗೂ ಕಳ್ಳರ ಊರು. 1991ರ ಚಿರಂಜೀವಿ ಸಿನಿಮಾದಿಂದ 2023ರ ‘ಟೈಗರ್ ನಾಗೇಶ್ವರ ರಾವ್’ವರೆಗೆ.

ಉತ್ತರ ಕರ್ನಾಟಕದ ಗೆಳೆಯರಿಗೆ ಈ ಪದ ಹೊಸದಲ್ಲ. ಹುಬ್ಬಳ್ಳಿಯಲ್ಲಿ, ಗದಗ-ಬೆಟಗೇರಿಯಲ್ಲಿ ‘ಸೆಟ್ಲಮೆಂಟ್’ ಅನ್ನೋ ಹೆಸರಿನ ಬಡಾವಣೆಗಳಿವೆ. ಆಟೋದವನಿಗೆ ಹಾಗೇ ಹೇಳ್ತೀವಿ, ಇಳೀತೀವಿ, ಹೋಗ್ತೀವಿ. ಅದು ಮುಂಬೈ ಪ್ರಾಂತ್ಯದ ಕಾಲದಲ್ಲಿ ಇದೇ ಕಾಯ್ದೆಯಡಿ ಜನರನ್ನು ಕೂಡಿಹಾಕಿದ ಜಾಗದ ಹೆಸರು ಅನ್ನೋದು ಅಲ್ಲಿ ಓಡಾಡುವ ಎಷ್ಟು ಜನಕ್ಕೆ ಗೊತ್ತು? ಕಾನೂನು ಹೋದರೂ ಹೆಸರು ಊರಿನ ನಕ್ಷೆಯಲ್ಲಿ ಕೂತಿದೆ.

ಹಾಗಂತ ಜನ ಸುಮ್ಮನೆ ಕೂತಿರಲಿಲ್ಲ. ತಮಿಳಿನಲ್ಲಿ ಈ ಕಾಯ್ದೆಯನ್ನು ಜನ ಕರೆದಿದ್ದು ‘ಕೈರೇಖೆ ಕಾನೂನು’ ಅಂತ. ಬೆರಳಚ್ಚು ಕೊಡೋದು ಅಂದರೆ ‘ಹೌದು, ನಾನು ಕಳ್ಳ’ ಅಂತ ಸಹಿ ಹಾಕಿದ ಹಾಗೆ. ಮದುರೈ ಜಿಲ್ಲೆಯ ಉಸಿಲಂಪಟ್ಟಿ ಸೀಮೆಯ ಪೆರುಂಗಾಮನಲ್ಲೂರಿನ ಪಿರಮಲೈ ಕಳ್ಳರ್ ಸಮುದಾಯದವರು ಬೆರಳಚ್ಚು ಕೊಡಲ್ಲ ಅಂದರು. ಇಲ್ಲಿ ‘ಕಳ್ಳರ್’ ಅನ್ನೋದು ಜಾತಿಯ ಹೆಸರು. ಊರು ಕಾಯುವ ಕಾವಲು ಇವರ ಹಳೆಯ ಕಸುಬು. 1920ರ ಏಪ್ರಿಲ್ 3ರಂದು ಪೊಲೀಸರು ಗುಂಡು ಹಾರಿಸಿದರು. ಸತ್ತವರು 16 ಮಂದಿ ಅಂತ ಊರು ನೆನೆಯುತ್ತೆ, ಅವರಲ್ಲಿ ಮಾಯಕ್ಕಾಳ್ ಅನ್ನೋ ಹೆಂಗಸೂ ಒಬ್ಬಳು. ಜಲಿಯನ್‌ವಾಲಾ ಬಾಗ್ ಆಗಿ ಇನ್ನೂ ವರ್ಷ ತುಂಬಿರಲಿಲ್ಲ. ಅದನ್ನು ನಾವು ಶಾಲೆಯಲ್ಲಿ ಓದಿದೆವು. ಇದನ್ನು ಓದಲಿಲ್ಲ. ಯಾಕೆಂದರೆ ಅಮೃತಸರದಲ್ಲಿ ಸತ್ತವರು ಪ್ರತಿಭಟನಾಕಾರರು, ಇಲ್ಲಿ ಸತ್ತವರ ಹೆಸರು ಅದಾಗಲೇ ಇನ್ನೊಂದು ಪುಸ್ತಕದಲ್ಲಿ ಬರೆದಾಗಿತ್ತು.

ಇದೇ ವ್ಯತ್ಯಾಸ ನಮ್ಮ ಕಡೆಯೂ ಇದೆ. 1857ರಲ್ಲಿ ಮುಧೋಳ ಸೀಮೆಯ ಹಲಗಲಿಯ ಬೇಡರು, ಆಯುಧ ಒಪ್ಪಿಸಿ ಅನ್ನೋ ಕಾನೂನನ್ನು ಒಪ್ಪದೆ ತಿರುಗಿಬಿದ್ದರು. ಊರು ಸುಟ್ಟಿತು, ಸೆರೆಸಿಕ್ಕವರನ್ನು ಗಲ್ಲಿಗೆ ಹಾಕಿದರು. ಸರ್ಕಾರಿ ಕಡತಕ್ಕೆ ಅವರು ದಂಗೆಕೋರರು. ಲಾವಣಿಗೆ ವೀರರು. ಆ ಲಾವಣಿಯನ್ನು ಬರೆದಿಟ್ಟು ಅಚ್ಚು ಹಾಕಿಸಿದವನು ಜೆ. ಎಫ್. ಫ್ಲೀಟ್, ಅವನೂ ಬ್ರಿಟಿಷ್ ಸರ್ಕಾರದ ಅಧಿಕಾರಿಯೇ. ಅವನು ಠಾಣೆಯ ಟಿಪ್ಪಣಿಯ ಬದಲು ಹಾಡುವವರ ಬಾಯಿಗೆ ಕಿವಿಗೊಟ್ಟ, ಅಷ್ಟೇ ವ್ಯತ್ಯಾಸ. ಅದರಿಂದಲೇ ಇವತ್ತು ಹಲಗಲಿಯವರು ನಮಗೆ ವೀರರಾಗಿ ಪಾಠದಲ್ಲಿ ಸಿಗ್ತಾರೆ.

ಮದುರೈಯ ಕಡೆ ಕಳ್ಳರ್ ಪರವಾಗಿ ಕೋರ್ಟಿನಲ್ಲೂ ಹೊರಗೂ ನಿಂತವರು ಬ್ಯಾರಿಸ್ಟರ್ ಜಾರ್ಜ್ ಜೋಸೆಫ್. ಮುಂದೆ ವೈಕಂ ಸತ್ಯಾಗ್ರಹದಲ್ಲೂ ಇದ್ದವರು. ಜನ ಅವರನ್ನು ‘ರೋಸಾಪೂ ದೊರೈ’ ಅಂತ ಕರೆದರು, ಅಂದರೆ ಗುಲಾಬಿ ದೊರೆ. ಮುತ್ತುರಾಮಲಿಂಗ ತೇವರ್, ಕಮ್ಯುನಿಸ್ಟ್ ನಾಯಕ ಪಿ. ಜೀವಾನಂದಂ ಇವರೆಲ್ಲ ಕಾಯ್ದೆಯ ವಿರುದ್ಧ ಹೋರಾಡಿದರು. ಮದ್ರಾಸ್ ಪ್ರಾಂತ್ಯ 1947ರಲ್ಲಿ ಅದನ್ನು ತೆಗೆದುಹಾಕಿತು. ದೇಶದ ಮಟ್ಟದಲ್ಲಿ ಅನಂತಶಯನಂ ಅಯ್ಯಂಗಾರ್ ಸಮಿತಿ ವರದಿ ಕೊಟ್ಟ ಮೇಲೆ, 1952ರ ಆಗಸ್ಟ್ 31ರಂದು ರದ್ದಾಯಿತು. ಅದಕ್ಕೇ ಈ ಸಮುದಾಯಗಳಿಗೆ ‘ವಿಮುಕ್ತ’ ಅನ್ನೋ ಹೆಸರು. ನಮಗೆ ಸ್ವಾತಂತ್ರ್ಯ ಬಂದು ಐದು ವರ್ಷವಾದ ಮೇಲೆ ಅವರಿಗೆ ಬಂತು.

ಆಮೇಲೆ ಅವರದೇ ಪುಸ್ತಕಗಳು ಬಂದವು. ಕೈಕಾಡಿ ಸಮುದಾಯದ ಲಕ್ಷ್ಮಣ ಮಾನೆ 1980ರಲ್ಲಿ ಮರಾಠಿಯಲ್ಲಿ ‘ಉಪರಾ’ ಬರೆದರು. ಅದಕ್ಕೆ ಮರುವರ್ಷವೇ ಸಾಹಿತ್ಯ ಅಕಾಡೆಮಿ ಪ್ರಶಸ್ತಿ. 1987ರಲ್ಲಿ ಲಕ್ಷ್ಮಣ ಗಾಯಕವಾಡ ಅವರ ‘ಉಚಲ್ಯಾ’ ಬಂತು, ಅದಕ್ಕೂ ಅಕಾಡೆಮಿ ಪ್ರಶಸ್ತಿ. ಅದು ಕನ್ನಡಕ್ಕೂ ಬಂದಿದೆ. ಗಾಯಕವಾಡ ತಮ್ಮವರು ಜೇಬು ಕತ್ತರಿಸುತ್ತಿದ್ದುದನ್ನು ಮುಚ್ಚಿಡಲ್ಲ. ಆದರೆ ಇಲ್ಲಿ ಕದಿಯುವವನಿಗೆ ಹೆಸರಿದೆ, ಹಸಿವಿದೆ, ಪೊಲೀಸರ ಏಟು ತಿಂದ ಬೆನ್ನಿದೆ. ಮುಲ್ಲಲಿಯ ಪುಸ್ತಕ ಮೊದಲು ಓದಿ, ಆಮೇಲೆ ‘ಉಚಲ್ಯಾ’ ಓದಿ. ನೂರು ವರ್ಷದ ಒಂದು ಆರೋಪಪಟ್ಟಿಗೆ ಆರೋಪಿ ಕೊಟ್ಟ ಮೊದಲ ಹೇಳಿಕೆ ಓದಿದ ಹಾಗಿರುತ್ತೆ. ಇನ್ನೊಂದು, ಆನಂದ್ ಪಾಂಡಿಯನ್ ಅವರ ‘ಕ್ರೂಕೆಡ್ ಸ್ಟಾಕ್ಸ್’, 2009ರದ್ದು. ಕಂಬಂ ಕಣಿವೆಯ ಕಳ್ಳರ್ ರೈತರ ಬಗ್ಗೆ. ಕಪ್ಪಿಲಿಯರೂ ಅದೇ ಕಣಿವೆಯಲ್ಲಿ ಬೇಸಾಯ ಮಾಡಿಕೊಂಡಿದ್ದಾರೆ. ಒಂದೇ ಕಣಿವೆಯಲ್ಲಿ ವಲಸೆ ಬಂದ ಕನ್ನಡಿಗ ಪುಸ್ತಕದಲ್ಲಿ ‘ಕೃಷಿಕ’ ಆದ, ಅಲ್ಲೇ ಇದ್ದ ಕಳ್ಳರ್ ‘ಅಪರಾಧಿ’ ಆದ.

ಎಲ್ಲ ಮುಗಿದ ಕಥೆ ಅಂದುಕೊಳ್ಳಬೇಡಿ. ಹಳೇ ಕಾಯ್ದೆ ಹೋಗುವ ಹೊತ್ತಿಗೆ ರಾಜ್ಯಗಳಲ್ಲಿ ‘ರೂಢಿಗತ ಅಪರಾಧಿ’ ಕಾಯ್ದೆಗಳು ಬಂದವು. ಕಾಗದದ ಮೇಲೆ ಅವು ಸಮುದಾಯದ ಬಗ್ಗೆ ಅಲ್ಲ, ವ್ಯಕ್ತಿಯ ಬಗ್ಗೆ. ಆದರೆ ಠಾಣೆಯಲ್ಲಿದ್ದ ರಿಜಿಸ್ಟರ್ ಹಳೆಯದೇ. ಜೈಲು ಕೈಪಿಡಿಗಳಲ್ಲಿ ‘ಅಲೆಮಾರಿ ಅಥವಾ ಅಪರಾಧಿ ಬುಡಕಟ್ಟು’ ಅನ್ನೋ ಪದಗಳು ಉಳಿದೇ ಇದ್ದವು. ಪತ್ರಕರ್ತೆ ಸುಕನ್ಯಾ ಶಾಂತಾ ಸುಪ್ರೀಂ ಕೋರ್ಟಿಗೆ ಹೋದ ಮೇಲೆ, 2024ರ ಅಕ್ಟೋಬರ್ 3ರಂದು ತೀರ್ಪು ಬಂತು. ಜೈಲಿನಲ್ಲಿ ಜಾತಿ ನೋಡಿ ಕೆಲಸ ಹಂಚುವುದು ಸಂವಿಧಾನಕ್ಕೆ ವಿರುದ್ಧ ಅಂತ ಕೋರ್ಟು ಹೇಳಿತು. ವಿಮುಕ್ತ ಸಮುದಾಯದವರನ್ನು ಮನಬಂದಂತೆ ಬಂಧಿಸಬಾರದು ಅಂದಿತು. ಕೈದಿಗಳ ರಿಜಿಸ್ಟರಿನಿಂದ ಜಾತಿಯ ಕಾಲಂ ತೆಗೆದುಹಾಕಿ ಅಂತಲೂ ಆದೇಶ ಕೊಟ್ಟಿತು. ಡೇಟಾಬೇಸಿನಲ್ಲಿ ಒಂದು ಕಾಲಂ ತೆಗೆಯೋದು ನಮಗೆ ಒಂದು ಸಾಲಿನ ಕೆಲಸ. ಈ ಕಾಲಂ ತೆಗೆಯೋಕೆ 1871ರಿಂದ ಲೆಕ್ಕ ಹಾಕಿದರೆ 153 ವರ್ಷ ಹಿಡಿಯಿತು.

ಕಾಲಂ ತೆಗೆದರೂ ಹೆಸರು ಉಳಿಯುತ್ತೆ. ಕರ್ನಾಟಕದ ಪರಿಶಿಷ್ಟ ಜಾತಿಗಳ ಅಧಿಕೃತ ಪಟ್ಟಿ ನೋಡಿ. ಅದರಲ್ಲಿ ಒಂದು ಸಮುದಾಯದ ಹೆಸರು ‘ಗಂಟಿಚೋರ್’. ಗಂಟು ಕದಿಯುವವನು ಅಂತ ಅರ್ಥ. ಆ ಮನೆಯ ಮಗು ಸ್ಕಾಲರ್‌ಶಿಪ್‌ಗೆ, ಕಾಲೇಜು ಸೀಟಿಗೆ ಅರ್ಜಿ ಹಾಕುವಾಗ, ತಾನು ಕಳ್ಳರ ಪೈಕಿ ಅಂತ ಸರ್ಕಾರದಿಂದಲೇ ಸರ್ಟಿಫಿಕೇಟ್ ತರಬೇಕು. ಸೌಲಭ್ಯ ಬೇಕೆಂದರೆ ಆರೋಪ ಒಪ್ಪಿಕೋ ಅಂದ ಹಾಗೆ.

ಇದೆಲ್ಲ ನಮಗೆ ಯಾಕೆ ಅಂತ ಕೇಳಬಹುದು. ನಾವೂ ಊರು ಬಿಟ್ಟು ಬಂದವರೇ ಅಲ್ವಾ? ಶಿವಮೊಗ್ಗ, ಧಾರವಾಡ, ಮಂಡ್ಯ ಬಿಟ್ಟು, 1964ರಲ್ಲಿ ಕಾರ್ಖಾನೆಗಳಿಗಾಗಿ ಶುರುವಾದ ಅಂಬತ್ತೂರು ಎಸ್ಟೇಟಿನ ಗಾಜಿನ ಕಟ್ಟಡಗಳಲ್ಲಿ ಈಗ ಕೂತು ಕೋಡ್ ಬರೀತೀವಿ. ನಮ್ಮ ತಿರುಗಾಟಕ್ಕೆ ಕಂಪನಿ ದುಡ್ಡು ಕೊಡುತ್ತೆ. 2016ರ ಸೆಪ್ಟೆಂಬರಿನಲ್ಲಿ ಕಾವೇರಿ ಗಲಾಟೆ ಆದಾಗ ಮಾತ್ರ ಒಂದು ವಾರ ನಮ್ಮ ಗುರುತು ಗಾಡಿಯ ‘ಕೆಎ’ ನಂಬರ್ ಪ್ಲೇಟಿಗೆ ಇಳಿದುಬಿಟ್ಟಿತ್ತು. ಬೆಂಗಳೂರಿನಲ್ಲಿ ತಮಿಳುನಾಡಿನ ಬಸ್ಸುಗಳು ಸುಟ್ಟವು, ಇಲ್ಲಿ ನಾವು ಗಾಡಿ ಹೊರಗೆ ತೆಗೆಯಲಿಲ್ಲ. ಬಸ್ಸಿಗೆ ಬೆಂಕಿ ಇಟ್ಟವನಿಗೂ ನನಗೂ ಸಂಬಂಧವಿಲ್ಲ ಅಂತ ನನ್ನ ಪ್ಲೇಟು ಹೇಳ್ತಿರಲಿಲ್ಲ. ನಮಗೆ ಅದು ಒಂದು ವಾರ. ಆ ಒಂದು ವಾರವನ್ನು ಹುಟ್ಟಿನಿಂದ ಸಾವಿನ ತನಕ ಎಳೆದರೆ ಹೇಗಿರುತ್ತೆ? ಸಮ ಅಂತ ನಾನು ಹೇಳ್ತಿಲ್ಲ. ಊಹಿಸಲು ಒಂದು ಎಳೆ ಸಿಗುತ್ತೆ ಅಷ್ಟೇ.

ಅದಕ್ಕೇ ನನ್ನದೊಂದು ವಿನಂತಿ. ಅಪರಾಧದ ಬಗ್ಗೆ ಪುಸ್ತಕವನ್ನೋ ವರದಿಯನ್ನೋ ಡ್ಯಾಶ್‌ಬೋರ್ಡನ್ನೋ ನೋಡುವಾಗ ಮೂರು ಪ್ರಶ್ನೆ ಕೇಳಿ. ಈ ಮಾಹಿತಿ ಮೊದಲು ಯಾರ ಕೈಯಿಂದ ಬಂತು? ಇಲ್ಲಿ ತಪ್ಪು ಮಾಡಿದವನಿಗೆ ಹೆಸರಿದೆಯಾ, ಅಥವಾ ಗುಂಪಿನ ಹೆಸರು ಮಾತ್ರ ಇದೆಯಾ? ಯಾರ ಬಗ್ಗೆ ಬರೆದಿದೆಯೋ ಅವರು ಇದನ್ನು ಓದಿ ‘ಇಲ್ಲ’ ಅನ್ನೋಕೆ ದಾರಿ ಇತ್ತಾ? ನಮ್ಮಲ್ಲಿ ಕೆಲವರು ಮುಖ ಗುರುತಿಸುವ, ಸಾಲಗಾರನಿಗೆ ಅಂಕ ಕೊಡುವ, ಮೋಸಗಾರನನ್ನು ಮೊದಲೇ ಊಹಿಸುವ ಸಾಫ್ಟ್‌ವೇರ್ ಕಟ್ಟುತ್ತಿದ್ದೀವಿ. ಮುಲ್ಲಲಿಗೆ ಪೆನ್ನು ಮಸಿ ಮಾತ್ರ ಇತ್ತು. ನಮ್ಮ ಕೈಯಲ್ಲಿ ಅದಕ್ಕಿಂತ ಬಹಳ ದೊಡ್ಡದಿದೆ.

ಥರ್ಸ್ಟನ್ನನ ಏಳೂ ಸಂಪುಟ ಗುಟೆನ್‌ಬರ್ಗ್ ತಾಣದಲ್ಲಿ ಉಚಿತವಾಗಿ ಸಿಗುತ್ತೆ. ಎಗ್ಮೋರಿನ ಮ್ಯೂಸಿಯಮ್ಮಿಗೆ ಹೋದರೆ ಪಕ್ಕದಲ್ಲೇ 1896ರಲ್ಲಿ ತೆರೆದ ಕನ್ನೆಮಾರಾ ಲೈಬ್ರರಿ ಇದೆ, ನಟರಾಜನನ್ನು ನೋಡಿಕೊಂಡು ಅಲ್ಲಿಗೂ ಒಂದು ಹೆಜ್ಜೆ ಹಾಕಿ. ಊರಿಗೆ ಹೋದಾಗ ‘ಉಚಲ್ಯಾ’ ಕನ್ನಡದ ಪ್ರತಿ ಸಿಕ್ಕರೆ ಬಿಡಬೇಡಿ. ಹುಬ್ಬಳ್ಳಿಯವರು ಯಾರಾದರೂ ಇದ್ದರೆ, ಸೆಟ್ಲಮೆಂಟಿನ ಹಿರಿಯರ ಜೊತೆ ಕೂತು ಅವರ ಮಾತು ಬರೆದಿಟ್ಟುಕೊಳ್ಳಿ, ಅವರು ಒಪ್ಪಿದರೆ. ಠಾಣೆಯ ಮಾತು ಬೇಕಾದಷ್ಟು ಅಚ್ಚಾಗಿದೆ. ಅವರ ಮಾತು ಇನ್ನೂ ಆಗಬೇಕು.